ಹಾಡು ಸಿಕ್ಕಿತು, ಜೊತೆಗಿದ್ದ ಪುಸ್ತಿಕೆ ಎಲ್ಲಿ? ಸಂಗೀತ ಕಂಪನಿಗಳಿಗೆ ಒಂದು ಬಹಿರಂಗ ಪತ್ರ

ಇವರಿಗೆ,
ಆನ್‌ಲೈನ್‌ನಲ್ಲಿ ಸಂಗೀತ ಕೇಳಿಸುವ ಆ್ಯಪ್‌ಗಳ ಮುಖ್ಯಸ್ಥರು
ಹಾಗೂ ಹಳೆಯ ಧ್ವನಿಮುದ್ರಣಗಳ ಹಕ್ಕು ಹೊಂದಿರುವ ಕಂಪನಿಗಳ ಮುಖ್ಯಸ್ಥರು

ವಿಷಯ: ಆಲ್ಬಂಗಳ ಜೊತೆಗಿದ್ದ ಬರಹ, ಶ್ರುತಿಯ ವಿವರ ಮತ್ತು ವಾದ್ಯಗಾರರ ಹೆಸರುಗಳನ್ನು ಮತ್ತೆ ಸೇರಿಸುವ ಬಗ್ಗೆ

ಮಾನ್ಯರೇ,

ನಾನು ಮೈಸೂರಿನವನು. ಬ್ಯಾಂಕಿನಲ್ಲಿ ಕೆಲಸ ಮಾಡಿ ಈಗ ನಿವೃತ್ತನಾಗಿದ್ದೇನೆ. ಸಂಜೆ ಹೊತ್ತು ಹವಾಯಿಯನ್ ಗಿಟಾರ್ ನುಡಿಸುತ್ತೇನೆ. ತೊಡೆಯ ಮೇಲೆ ಮಲಗಿಸಿಕೊಂಡು, ತಂತಿಗಳ ಮೇಲೆ ಉಕ್ಕಿನ ರಾಡ್ ಜಾರಿಸುತ್ತಾ ನುಡಿಸುವ ಗಿಟಾರ್ ಅದು. ನಿಮ್ಮ ಆ್ಯಪ್‌ಗಳಿಗೆ ತಿಂಗಳು ತಿಂಗಳು ದುಡ್ಡು ಕಟ್ಟಿ ಹಾಡು ಕೇಳುವವರಲ್ಲಿ ನಾನೂ ಒಬ್ಬ. ನನ್ನದೊಂದು ದೂರು ಇದೆ, ಒಂದು ಕೋರಿಕೆಯೂ ಇದೆ. ದೂರು ಹವಾಯಿ ದ್ವೀಪಗಳ ಸಂಗೀತದ ಬಗ್ಗೆ. ಅಷ್ಟು ದೂರದ ವಿಷಯ ಮೈಸೂರಿನವನಿಗೆ ಯಾಕೆ ಅಂತ ನಿಮಗೆ ಅನ್ನಿಸಬಹುದು. ಅದಕ್ಕೇ ಸ್ವಲ್ಪ ಹಿಂದಿನಿಂದ ಹೇಳುತ್ತೇನೆ.

1986ರಲ್ಲಿ ನಾನು ಗಿಟಾರ್ ಕಲಿಯಲು ಹೋಗಿದ್ದು ಅಗ್ರಹಾರದ ಒಂದು ವಠಾರಕ್ಕೆ. ನಮ್ಮ ಮೇಷ್ಟ್ರು ಅಲ್ಲೇ ಎರಡು ಕೋಣೆಯ ಮನೆಯಲ್ಲಿದ್ದರು. ಗಣೇಶನ ಹಬ್ಬ, ರಾಜ್ಯೋತ್ಸವ ಬಂದರೆ ಆರ್ಕೆಸ್ಟ್ರಾದಲ್ಲಿ ನುಡಿಸುತ್ತಿದ್ದರು. ಭಾವಗೀತೆಗಳ ಕ್ಯಾಸೆಟ್ ಜೋರಾಗಿ ಬರುತ್ತಿದ್ದ ಕಾಲ ಅದು. ರೆಕಾರ್ಡಿಂಗ್ ಇದ್ದ ದಿನ ಬೆಳಗಿನ ರೈಲಿಗೆ ಬೆಂಗಳೂರಿಗೆ ಹೋಗಿ, ರಾತ್ರಿ ವಾಪಸ್ ಬರುತ್ತಿದ್ದರು. ಹಾಡಿನ ಒಂದು ಚರಣ ಮುಗಿದು ಇನ್ನೊಂದು ಶುರುವಾಗುವ ಮುಂಚೆ ಜಾರಿಕೊಂಡು ಬರುವ ಒಂದು ನಾದ ಇರುತ್ತದಲ್ಲ, ಕೆಲವು ಕ್ಯಾಸೆಟ್‌ಗಳಲ್ಲಿ ಅದು ನಮ್ಮ ಮೇಷ್ಟ್ರ ಕೈ.

ಆ ವಾದ್ಯ ನಮ್ಮಲ್ಲಿಗೆ ಬಂದಿದ್ದು ಹವಾಯಿಯಿಂದಲೇ. 19ನೇ ಶತಮಾನದ ಕೊನೆಯ ಹೊತ್ತಿಗೆ ಜೋಸೆಫ್ ಕೆಕುಕು ಎಂಬ ಹುಡುಗ ತಂತಿಯ ಮೇಲೆ ಲೋಹದ ತುಂಡು ಜಾರಿಸಿ ನುಡಿಸುವ ಕ್ರಮವನ್ನು ರೂಢಿಸಿದ. ಹವಾಯಿಯ ಕಲಾವಿದರು ಅದನ್ನು ಊರೂರಿಗೆ ಒಯ್ದರು. ತಾವು ಮೋ ಎಂಬ ಕಲಾವಿದರ ಕುಟುಂಬ 1940ರ ದಶಕದಲ್ಲಿ ಕೋಲ್ಕತ್ತಾದಲ್ಲೇ ನೆಲೆಸಿತ್ತು. ಅಲ್ಲಿಂದ ಈ ಗಿಟಾರ್ ಸಿನಿಮಾ ಹಾಡಿಗೆ ಬಂತು, ಹಿಂದೂಸ್ತಾನಿ ಕಛೇರಿಗೂ ಬಂತು. ಅದರ ಒಂದು ಸಣ್ಣ ಕವಲು ಅಗ್ರಹಾರದ ವಠಾರದ ತನಕ ಹರಿದು ಬಂದಿತ್ತು.

1999ರಲ್ಲಿ ಅಮೆರಿಕದಲ್ಲಿದ್ದ ನನ್ನ ಅಕ್ಕನ ಮಗ ಊರಿಗೆ ಬಂದಾಗ ಎರಡು ಸಿ.ಡಿ. ತಂದುಕೊಟ್ಟ. 'ಮಾಮ, ನಿನ್ನ ಗಿಟಾರ್ ಊರಿನದೇ ಸಂಗೀತ' ಅಂದ. ಹವಾಯಿಯ ಸಂಗೀತ ಹೌದು, ಆದರೆ ನಮ್ಮ ಬಗೆಯದ್ದಲ್ಲ. ರಾಡ್ ಇಲ್ಲದೆ ಬರೀ ಬೆರಳಿನಲ್ಲಿ ನುಡಿಸುವುದು. ಅಲ್ಲಿನವರು ಅದನ್ನು ಕೀ ಹೋಆಲು ಅನ್ನುತ್ತಾರೆ, ಇಂಗ್ಲಿಷಿನವರು ಸ್ಲ್ಯಾಕ್ ಕೀ ಅನ್ನುತ್ತಾರೆ. ನಮ್ಮ ಮಾತಿನಲ್ಲಿ ಹೇಳುವುದಾದರೆ 'ಬಿರಡೆ ಸಡಿಲಿಸಿದ್ದು'. ಒಂದೇ ಗಿಟಾರ್, ಒಬ್ಬನೇ ಮನುಷ್ಯ. ಹೆಬ್ಬೆರಳು ಕೆಳಗಿನ ಸ್ವರಗಳಲ್ಲಿ ನಿಧಾನವಾಗಿ ಹೆಜ್ಜೆ ಹಾಕುತ್ತಿರುತ್ತದೆ, ಉಳಿದ ಬೆರಳುಗಳು ಮೇಲೆ ಹಾಡುತ್ತಿರುತ್ತವೆ.

ಸಿ.ಡಿ. ಡಬ್ಬಿಯೊಳಗೆ ಒಂದು ದಪ್ಪ ಪುಸ್ತಿಕೆ ಇತ್ತು. ನನ್ನ ದೂರು ಶುರುವಾಗುವುದು ಅಲ್ಲಿಂದ.

ಮೇಷ್ಟ್ರು ಅದನ್ನು ಭೂತಗನ್ನಡಿ ಹಿಡಿದು ಓದಿದರು. ಪ್ರತಿಯೊಂದು ಹಾಡಿನ ಬಗ್ಗೆಯೂ ಬರೆದಿತ್ತು. ಕಟ್ಟಿದವರು ಯಾರು, ನುಡಿಸುವವರು ಯಾರಿಂದ ಕಲಿತರು, ಎಲ್ಲಕ್ಕಿಂತ ಹೆಚ್ಚಾಗಿ, ಗಿಟಾರ್ ಯಾವ ಶ್ರುತಿಯಲ್ಲಿದೆ, ಅಂದರೆ ಯಾವ ತಂತಿಯನ್ನು ಯಾವ ಸ್ವರಕ್ಕೆ ಹೊಂದಿಸಿದೆ. ಸಾಮಾನ್ಯ ಗಿಟಾರಿನ ಆರು ತಂತಿ ಇ-ಎ-ಡಿ-ಜಿ-ಬಿ-ಇ. ಅದರಲ್ಲಿ ಮೂರು ತಂತಿ ಸಡಿಲಿಸಿದರೆ ಡಿ-ಜಿ-ಡಿ-ಜಿ-ಬಿ-ಡಿ. ಈ ಶ್ರುತಿಗೆ ಅಲ್ಲಿ 'ಟಾರೊ ಪ್ಯಾಚ್' ಎಂದು ಹೆಸರು. ಟಾರೊ ಅಂದರೆ ಕೆಸು. ನಮ್ಮ ಮಲೆನಾಡಿನವರು ಪತ್ರೊಡೆ ಮಾಡುವ ಅದೇ ಕೆಸು. ಹವಾಯಿಯವರಿಗೆ ಅದು ಅನ್ನದ ಹಾಗೆ. ಒಂದು ಶ್ರುತಿಗೆ 'ಕೆಸುವಿನ ಗದ್ದೆ' ಅಂತ ಹೆಸರಿಟ್ಟ ಜನ ಎಂಥವರಿರಬೇಕು ಅಂತ ಮೇಷ್ಟ್ರು ಎಷ್ಟೋ ದಿನ ಹೇಳಿಕೊಂಡು ಸಂತೋಷಪಟ್ಟರು. ಅದರಲ್ಲೇ ಮೂರನೆಯ ತಂತಿಯನ್ನು ಇನ್ನು ಅರ್ಧ ಸ್ವರ ಇಳಿಸಿದರೆ 'ವಹೀನೆ' ಶ್ರುತಿ. ವಹೀನೆ ಅಂದರೆ ಹೆಣ್ಣು. ಆ ರಾತ್ರಿ ಮೇಷ್ಟ್ರು ತಮ್ಮ ಹಳೆಯ ಗಿಟಾರನ್ನು ವಹೀನೆಗೆ ಇಳಿಸಿ, ಎಲ್ಲ ತಂತಿಗಳನ್ನೂ ಒಮ್ಮೆ ಮೀಟಿ, ಸುಮ್ಮನೆ ಕೂತುಬಿಟ್ಟರು. ಆ ನಾದದಲ್ಲಿ ಏನೋ ಒಂದು ಮುಗಿಯದೆ ಉಳಿದ ಹಾಗೆ ಇರುತ್ತದೆ. ಪುಸ್ತಿಕೆ ಇಲ್ಲದಿದ್ದರೆ ನಮ್ಮ ಕೈಗೆ ಆ ನಾದ ಸಿಗುತ್ತಿರಲಿಲ್ಲ. ಕೇಳಿ ಕಂಡುಹಿಡಿಯಬಹುದಿತ್ತಲ್ಲ ಅನ್ನಬೇಡಿ. ಹವಾಯಿಯಲ್ಲಿ ಇಂಥ ಶ್ರುತಿಗಳು ಹತ್ತಾರಿವೆ, ಕೆಲವಂತೂ ಒಂದೇ ಮನೆತನಕ್ಕೆ ಸೇರಿದವು.

ಆ ಸಿ.ಡಿ.ಗಳನ್ನು ಹೊರತಂದ ಕಂಪನಿಯ ಹೆಸರು ಡ್ಯಾನ್ಸಿಂಗ್ ಕ್ಯಾಟ್. ಅದರ ಹಿಂದಿದ್ದವರು ಜಾರ್ಜ್ ವಿನ್ಸ್ಟನ್. ನಿಮ್ಮ ಆ್ಯಪ್‌ನಲ್ಲಿ ಅವರ ಹೆಸರು ಹುಡುಕಿದರೆ ಪಿಯಾನೊ ಸಂಗೀತ ಬರುತ್ತದೆ. 1980ರ ದಶಕದ ಅವರ ಪಿಯಾನೊ ಆಲ್ಬಂಗಳು ಲಕ್ಷಗಟ್ಟಲೆ ಮಾರಾಟವಾದವು. 1996ರಲ್ಲಿ ಗ್ರ್ಯಾಮಿ ಪ್ರಶಸ್ತಿಯೂ ಬಂತು. ಆದರೆ ಅದೇ ಮನುಷ್ಯ ಹವಾಯಿಯ ಗಿಟಾರಿಗೆ ಮನಸೋತು, 1983ರಲ್ಲಿ ತಾವೇ ಶುರು ಮಾಡಿದ ಕಂಪನಿಯ ಮೂಲಕ ಹವಾಯಿಯ ಹಿರಿಯ ಗಿಟಾರ್ ವಾದಕರನ್ನು ಒಬ್ಬೊಬ್ಬರಾಗಿ ರೆಕಾರ್ಡ್ ಮಾಡಿಸಿದರು. 1994ರಿಂದ ಆ ಸರಣಿಯ ಆಲ್ಬಂಗಳು ಬರತೊಡಗಿದವು. ಪಿಯಾನೊ ವೇದಿಕೆಯಲ್ಲಿ ಮುಂದೆ ಕೂರುತ್ತಿದ್ದವರು ಇಲ್ಲಿ ಮಾತ್ರ ರೆಕಾರ್ಡಿಂಗ್ ಕೋಣೆಯ ಗಾಜಿನ ಆಚೆ, ನಿರ್ಮಾಪಕರಾಗಿ ಕೂತರು. ಅವರಿಗೂ ಆ ಗಿಟಾರ್ ಬರುತ್ತಿತ್ತು. ತಮ್ಮ ಪಿಯಾನೊ ಕಛೇರಿಯ ನಡುವೆ ಎದ್ದು ಗಿಟಾರ್ ತೆಗೆದುಕೊಂಡು ಒಂದು ಹವಾಯಿ ಹಾಡು ನುಡಿಸುವುದೂ ಇತ್ತು. ಆದರೂ ಆ ಸರಣಿಯ ಮುಖಪುಟಗಳಲ್ಲಿ ಇದ್ದಿದ್ದು ಹವಾಯಿಯ ಹಿರಿಯರ ಹೆಸರು, ಅವರ ಚಿತ್ರ.

ಇದು ಯಾಕೆ ದೊಡ್ಡ ಕೆಲಸ ಅಂದರೆ, ಈ ಸಂಗೀತದ ಹುಟ್ಟನ್ನೇ ನೋಡಿ. 1793ರಲ್ಲಿ ಇಂಗ್ಲಿಷ್ ನಾವಿಕ ವ್ಯಾಂಕೂವರ್ ಹವಾಯಿಯ ರಾಜನಿಗೆ ದನಗಳನ್ನು ಕಾಣಿಕೆ ಕೊಟ್ಟ. ಅವನ್ನು ಕೊಲ್ಲಬಾರದು ಅಂತ ರಾಜ ಕಟ್ಟಪ್ಪಣೆ ಮಾಡಿದ. ದನಗಳು ಹೆಚ್ಚಿ, ಕಾಡುಬಿದ್ದು, ಗದ್ದೆ ತೋಟ ಹಾಳು ಮಾಡತೊಡಗಿದವು. 1830ರ ದಶಕದಲ್ಲಿ ಮೂರನೆಯ ಕಾಮೆಹಾಮೆಹಾ ದನ ಹಿಡಿಯುವುದನ್ನು ಕಲಿಸಲು ಸ್ಪ್ಯಾನಿಷ್ ಮಾತಾಡುವ ದನಗಾಹಿಗಳನ್ನು ಕರೆಸಿದ. ಅವರ ಜೊತೆ ಗಿಟಾರ್ ಬಂತು. ಅವರು ಹೋದ ಮೇಲೂ ಗಿಟಾರ್ ಉಳಿಯಿತು. ಸ್ಪೇನಿನ ಶ್ರುತಿಯನ್ನು ಹವಾಯಿಯವರು ತಮ್ಮ ಹಾಡಿಗೆ, ತಮ್ಮ ಗಂಟಲಿಗೆ ಹೊಂದುವಂತೆ ಸಡಿಲಿಸಿಕೊಂಡರು. ಶ್ರುತಿ ಮನೆಯ ಗುಟ್ಟಾಯಿತು. ಬೇರೆಯವರು ಹತ್ತಿರ ಬಂದರೆ ಬಿರಡೆ ತಿರುಗಿಸಿ ಬಿಡುತ್ತಿದ್ದರಂತೆ.

ಆಮೇಲೆ 1893ರಲ್ಲಿ ಹವಾಯಿಯ ರಾಣಿಯನ್ನು ಪದಚ್ಯುತಗೊಳಿಸಿದರು. 1896ರ ಕಾನೂನು ಶಾಲೆಗಳಲ್ಲಿ ಇಂಗ್ಲಿಷ್ ಮಾಧ್ಯಮವನ್ನೇ ಕಡ್ಡಾಯ ಮಾಡಿತು. ಮಕ್ಕಳ ಬಾಯಿಂದ ಅವರದೇ ಮಾತು ಹೋಗತೊಡಗಿತು. ತಾಯಿಮಾತು ಹೋದ ಮನೆಯಲ್ಲಿ ಹಾಡಿನ ಅರ್ಥ ಮೊದಲು ಹೋಗುತ್ತದೆ, ಆಮೇಲೆ ಹಾಡೂ ಹೋಗುತ್ತದೆ. ಇದನ್ನು ಕನ್ನಡದವರಿಗೆ ಬಿಡಿಸಿ ಹೇಳಬೇಕಿಲ್ಲ ಅಲ್ವಾ. ಹೀಗೆ ಮನೆಯೊಳಗೇ ಉಳಿದಿದ್ದ ಈ ಸಂಗೀತ 1940ರ ದಶಕದಲ್ಲಿ ಗ್ಯಾಬಿ ಪಹಿನುಯಿ ಅವರ ರೆಕಾರ್ಡುಗಳಿಂದ ಹೊರಗೆ ಬಂತು. ಗ್ಯಾಬಿ ಹೊನೊಲುಲುವಿನಲ್ಲಿ ರಸ್ತೆ ಕೆಲಸ ಮಾಡುತ್ತಿದ್ದವರು. ರೇ ಕಾನೆ ಎಂಬ ಇನ್ನೊಬ್ಬರು ವೆಲ್ಡರ್ ಕೆಲಸದಲ್ಲಿದ್ದವರು. ಅವರು ಹುಡುಗನಾಗಿದ್ದಾಗ ಸಮುದ್ರಕ್ಕೆ ಧುಮುಕಿ ಮೀನು ಹಿಡಿದು ತಂದು ಊರಿನ ಹಿರಿಯನಿಗೆ ಕೊಟ್ಟು, ಅದಕ್ಕೆ ಬದಲಾಗಿ ಗಿಟಾರ್ ಕಲಿತರು. ಅವರಿಗೆ 1987ರಲ್ಲಿ ಅಮೆರಿಕದ ರಾಷ್ಟ್ರೀಯ ಪರಂಪರೆಯ ಗೌರವ ಸಿಕ್ಕಿತು.

ರೇ ಕಾನೆ, ಸನ್ನಿ ಚಿಲ್ಲಿಂಗ್‌ವರ್ತ್, ಲಿಯೊನಾರ್ಡ್ ಕ್ವಾನ್. ಇವರ ಕೈಯಲ್ಲಿದ್ದುದನ್ನು ವಿನ್ಸ್ಟನ್ ಹಿಡಿದಿಟ್ಟರು. ಎಷ್ಟೋ ಹಾಡುಗಳಲ್ಲಿ ಬೇರೆ ವಾದ್ಯ ಬೇಡ, ಗಿಟಾರ್ ಒಂದೇ ಸಾಕು ಅಂದರು. ಅಲ್ಲಿಯ ತನಕ ಈ ಗಿಟಾರ್ ಹೆಚ್ಚಾಗಿ ಹಾಡುಗಾರರ ಹಿಂದೆ, ಬೇರೆ ವಾದ್ಯಗಳ ನಡುವೆ ಕೇಳಿಸುತ್ತಿತ್ತು. ಒಂಟಿಯಾಗಿ ಕೇಳಿದರೆ ಮಾತ್ರ ಒಂದೊಂದು ತಂತಿಯೂ ಕಿವಿಗೆ ಬೀಳುತ್ತದೆ, ಕಲಿಯುವವನಿಗೆ ದಾರಿ ಸಿಗುತ್ತದೆ. ಜೊತೆಗೆ ಹಾಡಿನ ಶ್ರುತಿ, ಹಿನ್ನೆಲೆ, ಗುರುಪರಂಪರೆ ಎಲ್ಲವನ್ನೂ ಪುಸ್ತಿಕೆಯಲ್ಲಿ ಅಚ್ಚು ಹಾಕಿಸಿದರು. ಒಂದು ಕಾಲಕ್ಕೆ ಗುಟ್ಟಾಗಿದ್ದನ್ನು ಆ ಮನೆಯವರೇ ಒಪ್ಪಿ ಎಲ್ಲರಿಗೂ ಕೊಟ್ಟಿದ್ದು ಇದು. ನನ್ನ ಪಾಲಿಗೆ ಆ ಕೆಲಸದಲ್ಲಿ ಅರ್ಧ ಧ್ವನಿಯಲ್ಲಿದೆ, ಅರ್ಧ ಆ ಪುಟಗಳಲ್ಲಿದೆ.

ಇನ್ನು ನಾನು ಕಂಡಿದ್ದು ಹೇಳುತ್ತೇನೆ. ಮೇಷ್ಟ್ರು 2011ರಲ್ಲಿ ತೀರಿಕೊಂಡರು. ಸಿ.ಡಿ., ಪುಸ್ತಿಕೆ ಎರಡೂ ಅವರ ಹತ್ತಿರವೇ ಇದ್ದವು. ಮನೆ ಖಾಲಿ ಮಾಡಿದಾಗ ಕಾಗದ ಪತ್ರಗಳ ಜೊತೆ ಅವೂ ಗುಜರಿಗೆ ಹೋದವು. ಹೋದ ವರ್ಷ ನನ್ನ ಹತ್ತಿರ ಕಲಿಯಲು ಬರುವ ಒಬ್ಬ ಹುಡುಗಿಗೆ ಅದೇ ಆಲ್ಬಂ ಕೇಳಿಸೋಣ ಅಂತ ಆ್ಯಪ್‌ನಲ್ಲಿ ಹುಡುಕಿದೆ. ಸಿಕ್ಕಿತು. ಬಹಳ ಸಂತೋಷವಾಯಿತು. 'ಅಂಕಲ್, ಇದು ಯಾವ ಶ್ರುತಿ?' ಅಂತ ಅವಳು ಕೇಳಿದಳು. ಅದನ್ನು ಹೇಳುವ ಜಾಗ ಪರದೆಯಲ್ಲಿ ಎಲ್ಲೂ ಇಲ್ಲ. ಹಾಡಿನ ಹೆಸರು, ಕಲಾವಿದರ ಹೆಸರು, ಎಷ್ಟು ನಿಮಿಷ. ಅಷ್ಟೇ. ಹಾಡು ಕಟ್ಟಿದವರ ಹೆಸರು ಕೆಲವಕ್ಕೆ ಇತ್ತು, ಕೆಲವಕ್ಕೆ ಇರಲಿಲ್ಲ. ನಿರ್ಮಾಪಕರ ಹೆಸರು ಇರಲಿಲ್ಲ. ವಿನ್ಸ್ಟನ್ ಹೆಸರಿನಿಂದ ಹುಡುಕಿದರೆ ಆ ಆಲ್ಬಂ ಬರಲೇ ಇಲ್ಲ. ಕೇಳಿ ಮುಗಿದ ಮೇಲೆ ಆ್ಯಪ್ ತಾನಾಗಿಯೇ ಮುಂದಿನದನ್ನು ಹಾಕಿತು. ಮಲಗುವಾಗ ಕೇಳುವ ಸಂಗೀತದ ಒಂದು ಪಟ್ಟಿ, ಅಲೆಗಳ ಸದ್ದು. ಮೀನು ಕೊಟ್ಟು ಕಲಿತ ವಿದ್ಯೆಯನ್ನು ನಿದ್ದೆ ಬರಿಸುವ ಸದ್ದುಗಳ ಜೊತೆ ಸೇರಿಸಿದ್ದು ನೋಡಿ ಹೊಟ್ಟೆಯಲ್ಲಿ ಸಂಕಟವಾಯಿತು.

ಸಹಾಯವಾಣಿಗೆ ಬರೆದೆ. ಹದಿನೈದು ದಿನ ಬಿಟ್ಟು ಉತ್ತರ ಬಂತು. 'ಹಕ್ಕುದಾರ ಕಂಪನಿ ಏನು ಕೊಡುತ್ತದೋ ಅದನ್ನಷ್ಟೇ ನಾವು ತೋರಿಸುತ್ತೇವೆ' ಅಂತ. ಹಕ್ಕು ಯಾರದೆಂದು ಹುಡುಕಿ ಅವರಿಗೂ ಬರೆದೆ. ಎರಡು ಸಲ ಬರೆದೆ. ಉತ್ತರ ಇಲ್ಲ. ಒಬ್ಬರು ಇನ್ನೊಬ್ಬರ ಕಡೆ ಕೈ ತೋರಿಸುತ್ತೀರಿ, ಇನ್ನೊಬ್ಬರು ಬಾಗಿಲು ತೆರೆಯುವುದಿಲ್ಲ. ಅದಕ್ಕೇ ಇಬ್ಬರಿಗೂ ಸೇರಿಸಿ ಎಲ್ಲರ ಮುಂದೆ ಈ ಪತ್ರ.

ಒಂದು ಮಾತು ಒಪ್ಪಿಕೊಳ್ಳಬೇಕು. ವಿನ್ಸ್ಟನ್ ಅವರ ಕಂಪನಿ ಈ ಸಂಗೀತದ ಇತಿಹಾಸವನ್ನೂ ಶ್ರುತಿಗಳ ವಿವರವನ್ನೂ ಅಂತರ್ಜಾಲದಲ್ಲಿ ಹಾಕಿತ್ತು. ಹುಡುಕಲು ಗೊತ್ತಿರುವವರಿಗೆ ಸಾಕಷ್ಟು ಸಿಗುತ್ತದೆ. ಆದರೆ ಹುಡುಕಬೇಕು ಅಂತ ಗೊತ್ತಾಗುವುದು ಹೇಗೆ? ಇಂಥ ಬೇರೆ ಬೇರೆ ಶ್ರುತಿಗಳಿವೆ ಎಂದು ನಮ್ಮ ಮೇಷ್ಟ್ರಿಗೆ ಗೊತ್ತಾಗಿದ್ದು ಪುಸ್ತಿಕೆ ಅದೇ ಡಬ್ಬಿಯಲ್ಲಿ ಇದ್ದಿದ್ದರಿಂದ. ಹಾಡು ಒಂದು ಕಡೆ, ಅದರ ವಿವರ ಇನ್ನೊಂದು ಕಡೆ ಇದ್ದರೆ, ಕೇಳುವವರಲ್ಲಿ ಬಹುಪಾಲು ಜನ ಹಾಡಿನ ಕಡೆಯೇ ನಿಂತುಬಿಡುತ್ತಾರೆ.

ಆಮೇಲೆ ಮಾಡೋಣ ಅನ್ನಲು ಸಮಯವೂ ಜಾಸ್ತಿ ಇಲ್ಲ. ಚಿಲ್ಲಿಂಗ್‌ವರ್ತ್ 1994ರಲ್ಲೇ ಹೋದರು. ಕ್ವಾನ್ 2000ದಲ್ಲಿ, ರೇ ಕಾನೆ 2008ರಲ್ಲಿ, ಡೆನಿಸ್ ಕಮಕಾಹಿ 2014ರಲ್ಲಿ, ಗ್ಯಾಬಿಯವರ ಮಗ ಸಿರಿಲ್ ಪಹಿನುಯಿ 2018ರಲ್ಲಿ. ಇವರೆಲ್ಲ ಆ ಸರಣಿಯಲ್ಲಿ ನುಡಿಸಿದವರು. 2023ರ ಜೂನ್ 4ರಂದು ವಿನ್ಸ್ಟನ್ ಕೂಡ ತೀರಿಕೊಂಡರು. ಎಷ್ಟೋ ವರ್ಷ ಕ್ಯಾನ್ಸರ್ ಇಟ್ಟುಕೊಂಡೇ ಕೆಲಸ ಮಾಡಿದವರು. ಪುಸ್ತಿಕೆಯಲ್ಲಿ ಬರೆದಿದ್ದನ್ನು ಕೇಳಿ ಮತ್ತೆ ಬರೆಸಿಕೊಳ್ಳೋಣ ಅಂದರೆ ಕೇಳುವುದು ಯಾರನ್ನು? ಅಚ್ಚಾದ ಪುಟಗಳೇ ಈಗ ಉಳಿದ ಸಾಕ್ಷಿ. ಆ ಪುಟಗಳ ಹಕ್ಕೂ ಪ್ರತಿಗಳೂ ನಿಮ್ಮಲ್ಲಿವೆ.

ನಮ್ಮ ಮನೆಯ ವಿಷಯಕ್ಕೂ ಬರುತ್ತೇನೆ, ಯಾಕೆಂದರೆ ನಿಜವಾದ ನೋವು ಇರುವುದು ಅಲ್ಲಿ. ಮೇಷ್ಟ್ರು ನುಡಿಸಿದ ಭಾವಗೀತೆಗಳೂ ನಿಮ್ಮ ಆ್ಯಪ್‌ಗಳಲ್ಲಿವೆ. ಕವಿಯ ಹೆಸರಿದೆ, ಗಾಯಕರ ಹೆಸರಿದೆ, ರಾಗ ಹಾಕಿದವರ ಹೆಸರಿದೆ. ಅದು ಸರಿಯೇ. ಆದರೆ ಗಿಟಾರ್, ಕೊಳಲು, ತಬಲ, ಪಿಟೀಲು ನುಡಿಸಿದವರಲ್ಲಿ ಒಬ್ಬರ ಹೆಸರೂ ಇಲ್ಲ. ಪೂರ್ತಿ ತಪ್ಪು ನಿಮ್ಮದು ಅನ್ನುವುದಿಲ್ಲ. ಮೇಷ್ಟ್ರ ಹತ್ತಿರ ಇದ್ದ ಕ್ಯಾಸೆಟ್‌ಗಳ ಕಾಗದದ ಮೇಲೂ 'ವಾದ್ಯವೃಂದ' ಅಂತ ಒಂದೇ ಪದ ಇರುತ್ತಿತ್ತು. ಆಗ ಕಾಗದದಲ್ಲಿ ಜಾಗ ಇರಲಿಲ್ಲ ಅನ್ನಬಹುದಿತ್ತು. ಈಗ ಪರದೆಯಲ್ಲಿ ಜಾಗಕ್ಕೆ ಏನು ಕೊರತೆ? ವಿನ್ಸ್ಟನ್ ತಮ್ಮ ಹೆಸರನ್ನು ಹಿಂದೆ ಇಟ್ಟುಕೊಂಡು ಹವಾಯಿಯ ವೆಲ್ಡರ್ ಒಬ್ಬರ ಹೆಸರು, ಅವರ ಗುರುವಿನ ಹೆಸರು, ಅವರ ಶ್ರುತಿ ಎಲ್ಲವನ್ನೂ ಅಚ್ಚು ಹಾಕಿಸಿದರು. ಹಾಗೆ ಮಾಡುವವರು ನಮ್ಮ ಮೇಷ್ಟ್ರಿಗೆ ಸಿಗಲಿಲ್ಲ. ಅವರು ಕೊನೆಯ ದಿನಗಳಲ್ಲಿ ಆಸ್ಪತ್ರೆಯಲ್ಲಿದ್ದಾಗ ಪಕ್ಕದ ಹಾಸಿಗೆಯವರ ರೇಡಿಯೊದಲ್ಲಿ ಅವರು ನುಡಿಸಿದ ಹಾಡೇ ಬಂತು. 'ಇದು ನಮ್ಮ ಮೇಷ್ಟ್ರು ನುಡಿಸಿದ್ದು' ಅಂತ ನಾನು ಹೇಳಿದೆ. ಪಕ್ಕದ ಹಾಸಿಗೆಯವರು ನಂಬಲಿಲ್ಲ. ತೋರಿಸೋಣ ಅಂದರೆ ನನ್ನ ಹತ್ತಿರ ಏನೂ ಇರಲಿಲ್ಲ.

ಹಾಗಾಗಿ ನನ್ನ ಕೋರಿಕೆ ಇಷ್ಟು. ಪುಸ್ತಿಕೆ ಇದ್ದ ಪ್ರತಿ ಹಳೆಯ ಆಲ್ಬಂಗೂ ಅದರ ಪುಟಗಳನ್ನು ಫೋಟೊ ತೆಗೆದು, ಹಾಡಿನ ಪಕ್ಕದಲ್ಲೇ ತೆರೆದು ಓದುವ ಹಾಗೆ ಹಾಕಿ. ಹೊಸದಾಗಿ ಏನೂ ಬರೆಸಬೇಕಿಲ್ಲ, ಇರುವುದನ್ನು ಮತ್ತೆ ಜೊತೆಗೆ ಸೇರಿಸಿದರೆ ಸಾಕು. ಹವಾಯಿಯ ಈ ಸರಣಿಯಿಂದಲೇ ಶುರು ಮಾಡಿ ಅಂತ ಕೇಳುತ್ತೇನೆ. ಅಲ್ಲಿ ಬರಹ ಸಿದ್ಧವಾಗಿದೆ, ಬರೆದವರು ಶ್ರದ್ಧೆಯಿಂದ ಬರೆದಿದ್ದಾರೆ. ಜೊತೆಗೆ ವಾದ್ಯಗಾರರ, ನಿರ್ಮಾಪಕರ ಹೆಸರಿಗೆ ಒಂದು ಜಾಗ ಕೊಡಿ, ಆ ಹೆಸರಿನಿಂದ ಹುಡುಕಿದರೆ ಅವರು ಕೈ ಹಾಕಿದ ಹಾಡೆಲ್ಲ ಸಿಗಲಿ. ಶ್ರುತಿಗೂ ಒಂದು ಸಾಲು ಇರಲಿ. ಬೇರೆ ಸಂಗೀತಕ್ಕೆ ಅದು ಬೇಕಾಗದೇ ಇರಬಹುದು, ಈ ಸಂಗೀತದಲ್ಲಿ ಶ್ರುತಿ ಬಿಟ್ಟರೆ ಕಲಿಯುವವನಿಗೆ ಬಾಗಿಲೇ ಇಲ್ಲ.

ಇನ್ನೊಂದು ಇದೆ, ಇದು ಕನ್ನಡದ ಕ್ಯಾಸೆಟ್‌ಗಳ ಹಕ್ಕು ಇಟ್ಟುಕೊಂಡಿರುವವರಿಗೆ. ಎಂಬತ್ತು, ತೊಂಬತ್ತರ ದಶಕದಲ್ಲಿ ನುಡಿಸಿದವರಲ್ಲಿ ಕೆಲವರು ಇನ್ನೂ ಇದ್ದಾರೆ. ಎಪ್ಪತ್ತು, ಎಂಬತ್ತು ವಯಸ್ಸಿನವರು. ಅವರನ್ನು ಕೂರಿಸಿ, ಹಾಡು ಕೇಳಿಸಿ, 'ಇದರಲ್ಲಿ ಯಾರ್ಯಾರು ಇದ್ದರು?' ಅಂತ ಕೇಳಿ. ಒಬ್ಬರು ಇನ್ನೊಬ್ಬರ ಹೆಸರು ಹೇಳುತ್ತಾರೆ. ವಾದ್ಯಗಾರರಿಗೆ ಒಬ್ಬರ ಕೈ ಇನ್ನೊಬ್ಬರಿಗೆ ಚೆನ್ನಾಗಿ ಗೊತ್ತಿರುತ್ತದೆ, ನಾಲ್ಕು ಸ್ವರ ಕೇಳಿದರೆ ಸಾಕು. ಮನೆಯವರು ಆಧಾರ ಸಮೇತ ಹೆಸರು ಕಳಿಸಿದರೆ ಅದನ್ನು ಸೇರಿಸುವುದಕ್ಕೂ ಒಂದು ದಾರಿ ಮಾಡಿ.

ಆಧಾರ ಎಲ್ಲಿಂದ ಬರುತ್ತದೆ ಅಂತ ನೀವು ಕೇಳಬಹುದು. ಮೇಷ್ಟ್ರ ಮನೆ ಖಾಲಿ ಮಾಡಿದ ದಿನ ಅವರ ಹೆಂಡತಿ, ನಾವು ಶಿಷ್ಯರು ಅಮ್ಮನವರು ಅಂತ ಕರೆಯುವವರು, ಗುಜರಿಗೆ ಹಾಕದೆ ಒಂದು ಲೆಕ್ಕದ ಪುಸ್ತಕವನ್ನು ತೆಗೆದು ನನ್ನ ಕೈಗೆ ಕೊಟ್ಟಿದ್ದರು. ಸಂಬಳದ ಲೆಕ್ಕ ಇರಬೇಕು ಅಂತ ನಾನು ಎಷ್ಟೋ ವರ್ಷ ಬಿಚ್ಚಿಯೇ ನೋಡಿರಲಿಲ್ಲ. ಹೋದ ವರ್ಷ ಆ ಹುಡುಗಿ ಶ್ರುತಿ ಕೇಳಿದ ಮೇಲೆ ತೆಗೆದು ನೋಡಿದೆ. ಪ್ರತಿ ರೆಕಾರ್ಡಿಂಗಿನ ತಾರೀಖು, ಹಾಡಿನ ಮೊದಲ ಸಾಲು, ಅವತ್ತು ಸಿಕ್ಕ ದುಡ್ಡು, ರೈಲಿನ ಖರ್ಚು, ಜೊತೆಯಲ್ಲಿ ನುಡಿಸಿದವರ ಹೆಸರು. ಅಂಚಿನಲ್ಲಿ ಸಣ್ಣ ಅಕ್ಷರದಲ್ಲಿ ಗಿಟಾರಿನ ಶ್ರುತಿ. 1999ರ ನಂತರದ ಎರಡು ಹಾಡುಗಳ ಪಕ್ಕ 'ವಹೀನೆ' ಅಂತ ಬರೆದಿದ್ದಾರೆ.

ಅಷ್ಟೂ ಪುಟಗಳನ್ನು ಸ್ಕ್ಯಾನ್ ಮಾಡಿ ಇಟ್ಟಿದ್ದೇನೆ. ಅಮ್ಮನವರ ಒಪ್ಪಿಗೆ ಇದೆ. ಯಾರ ವಿಳಾಸಕ್ಕೆ ಕಳಿಸಬೇಕು, ತಿಳಿಸಿ.

ಇಂತಿ ನಮಸ್ಕಾರಗಳು,
ಹವಾಯಿಯನ್ ಗಿಟಾರಿನ ಒಬ್ಬ ವಿದ್ಯಾರ್ಥಿ
ಮೈಸೂರು